ಗಂಟೆಗೊಂದು ಪಂಚ್

ಕೇಳುಗರೇ, ನಮಸ್ಕಾರ.

ಕಾರ್ಖಾನೆ ಗೇಟಿನ ಹತ್ತಿರ ಒಂದು ಗಡಿಯಾರ ಇರುತ್ತಿತ್ತು, ನೆನಪಿದೆಯಾ? ಕಾರ್ಡು ತೂರಿಸಿದರೆ ಟಕ್ ಅಂತ ಬಂದ ಹೊತ್ತು ಅಚ್ಚಾಗುತ್ತಿತ್ತು. ನಿಮ್ಮಲ್ಲಿ ಎಷ್ಟೋ ಜನ ವರ್ಷಗಟ್ಟಲೆ ಹಾಗೆ ಪಂಚ್ ಮಾಡಿದವರೇ ಇರುತ್ತೀರಿ. ಅಂಥದ್ದೇ ಒಂದು ಯಂತ್ರವನ್ನು ತಾವಿದ್ದ ಜಾಗದಲ್ಲೇ ಇಟ್ಟುಕೊಂಡ ಕಲಾವಿದರೊಬ್ಬರ ವಿಷಯ ಇವತ್ತು ಹೇಳುತ್ತೇನೆ.

ಅವರ ಹೆಸರು ತೆಚಿಂಗ್ ಶಿಯೆ. ತೈವಾನ್‌ನಲ್ಲಿ 1950ರಲ್ಲಿ ಹುಟ್ಟಿದವರು. 1974ರಲ್ಲಿ ಹಡಗಿನ ಕೆಲಸಗಾರನಾಗಿ ಅಮೆರಿಕ ತಲುಪಿ, ಫಿಲಡೆಲ್ಫಿಯಾ ಹತ್ತಿರ ಹೇಳದೆ ಕೇಳದೆ ಇಳಿದು ನ್ಯೂಯಾರ್ಕ್ ಸೇರಿದರು. ಕೈಯಲ್ಲಿ ಕಾಗದಪತ್ರ ಇಲ್ಲ. ಹೋಟೆಲಿನಲ್ಲಿ ಪಾತ್ರೆ ತೊಳೆದು, ನೆಲ ಒರೆಸಿ ಹೊಟ್ಟೆ ಹೊರೆದರು.

1980ರ ಏಪ್ರಿಲ್ 11. ಶಿಯೆ ತಲೆ ಬೋಳಿಸಿಕೊಂಡರು, ಬೂದು ಬಣ್ಣದ ಯೂನಿಫಾರಂ ಹಾಕಿಕೊಂಡರು. ಒಂದು ವರ್ಷ, ಹಗಲೂ ರಾತ್ರಿ, ಪ್ರತಿ ಗಂಟೆ ಬಡಿಯುವಾಗ ಕಾರ್ಡು ಪಂಚ್ ಮಾಡುವುದು. ಪ್ರತಿ ಸಲವೂ 16 ಎಂಎಂ ಫಿಲ್ಮ್ ಕ್ಯಾಮೆರಾದಲ್ಲಿ ಒಂದೇ ಒಂದು ಫ್ರೇಮ್, ಅಂದರೆ ಒಂದೇ ಚಿತ್ರ. ತಕ್ಷಣ ಗಡಿಯಾರವಿದ್ದ ಕೋಣೆಯಿಂದ ಹೊರಗೆ. ಅಷ್ಟೇ ಕೆಲಸ, ಅದೇ ಅವರ ಕಲಾಕೃತಿ.

ಅಷ್ಟೇ ಅಂದೆ, ಸುಮ್ನೆ ಒಂದು ರಾತ್ರಿ ಯೋಚಿಸಿ ನೋಡಿ. ಒಂದು ಗಂಟೆ ಪೂರ್ತಿ ನಿದ್ದೆ ಇಲ್ಲ. ಪೇಟೆಗೆ ಹೋದರೂ ಅರ್ಧ ಗಂಟೆಗೇ ಮನೆ ಕಡೆ ತಿರುಗಬೇಕು. ಒಂದು ಸಿನಿಮಾ ಕೊನೆವರೆಗೆ ನೋಡೋ ಹಾಗಿಲ್ಲ. ಕೈಗೂಸು ಇರುವ ತಾಯಂದಿರಿಗೆ ಈ ಥರದ ರಾತ್ರಿ ಚೆನ್ನಾಗಿ ಗೊತ್ತು, ಅಲ್ವಾ? ಆದರೆ ಅವರ ಲೆಕ್ಕ ಯಾರೂ ಇಡುವುದಿಲ್ಲ. ಶಿಯೆ ಲೆಕ್ಕ ಇಟ್ಟರು.

ಫಿಲ್ಮ್ ಓಡುವುದು ಸೆಕೆಂಡಿಗೆ 24 ಫ್ರೇಮ್. ದಿನಕ್ಕೂ 24 ಗಂಟೆ. ಹಾಗಾಗಿ ಅವರ ಒಂದು ದಿನ ತೆರೆಯ ಮೇಲೆ ಒಂದು ಸೆಕೆಂಡು. ಇಡೀ ವರ್ಷ ಸುಮಾರು 6 ನಿಮಿಷ! ಗಡಿಯಾರದ ಪಕ್ಕದಲ್ಲಿ ನಿಂತ ಮನುಷ್ಯ ನಡುಗುವ ಹಾಗೆ ಕಾಣುತ್ತಾನೆ. ಮುಳ್ಳು ಗಿರಗಿರನೆ ಸುತ್ತುತ್ತದೆ. ಬೋಳು ತಲೆಯಲ್ಲಿ ಕೂದಲು ಚಿಗುರುತ್ತದೆ, ಕಿವಿ ಮುಚ್ಚುತ್ತದೆ, ಭುಜದವರೆಗೂ ಇಳಿಯುತ್ತದೆ. ಬೇರೆ ಏನೂ ನಡೆಯುವುದಿಲ್ಲ. ಆದರೂ ಕಣ್ಣು ಕೀಳಲು ಆಗುವುದಿಲ್ಲ.

ಆ ಯಂತ್ರದಿಂದ ಒಂದು ಮೊಳೆಯೂ ತಯಾರಾಗಲಿಲ್ಲ, ಒಂದು ಪೈಸೆ ಸಂಬಳವೂ ಬರಲಿಲ್ಲ. ನನ್ನನ್ನು ಹಿಡಿದಿಡುವುದು ಬೇರೆ ವಿಷಯ. ಸರ್ಕಾರದ ದಾಖಲೆಯಲ್ಲಿ ಆ ದೇಶದಲ್ಲಿ ಇರಲು ಹಕ್ಕೇ ಇಲ್ಲದ ಮನುಷ್ಯ, ತಾನು ಇದ್ದೇನೆ ಅನ್ನುವುದಕ್ಕೆ ಗಂಟೆಗೊಂದು ಪುರಾವೆ ಬರೆದಿಟ್ಟ. ಅಲ್ಲಿ ನೆಲೆಸಲು ಕಾನೂನಿನ ಒಪ್ಪಿಗೆ ಸಿಕ್ಕಿದ್ದು 1988ರಲ್ಲಿ. 2017ರಲ್ಲಿ ಇಟಲಿಯ ದೊಡ್ಡ ಅಂತರರಾಷ್ಟ್ರೀಯ ಕಲಾ ಪ್ರದರ್ಶನವಾದ ವೆನಿಸ್ ಬಿನಾಲೆಯಲ್ಲಿ ತೈವಾನ್ ಪರವಾಗಿ ಈ ಕೃತಿಯನ್ನೂ ತೋರಿಸಿದರು.

ವರ್ಷಕ್ಕೆ 8,760 ಗಂಟೆ. ಅದರಲ್ಲಿ ಶಿಯೆ ತಪ್ಪಿದ್ದು 133. ಅದನ್ನೂ ಮುಚ್ಚಿಡಲಿಲ್ಲ. 29 ಸಲ ತಡವಾಯಿತು, 10 ಸಲ ಅವಸರದಲ್ಲಿ ಮುಂಚೆಯೇ ಒತ್ತಿಬಿಟ್ಟರು. ಉಳಿದ 94 ಸಲ ಎಚ್ಚರವೇ ಆಗಲಿಲ್ಲ. ನನಗೆ ಎಲ್ಲಕ್ಕಿಂತ ಹತ್ತಿರ ಅನ್ನಿಸುವುದು ಈ 94. ಫಿಲ್ಮಿನಲ್ಲಿ ಅವು ಕಾಣುವುದೇ ಇಲ್ಲ, ಒಂದು ಫ್ರೇಮಿನಿಂದ ಇನ್ನೊಂದಕ್ಕೆ ಹಾರಿಹೋಗುತ್ತವೆ. ಆ ಹೊತ್ತಿನಲ್ಲಿ ಪಕ್ಕದಲ್ಲೆಲ್ಲೋ ಆ ಮನುಷ್ಯ ಮೈಮರೆತು ಮಲಗಿದ್ದರು.

ನಮಸ್ಕಾರ.