ಎರಿಕ್ ಪೊಮ್ಮರ್: ಗಡಿಯಾಚೆ ಮಾರಾಟ ಆಗೋ ಸಿನಿಮಾ ಮಾಡಿದ ನಿರ್ಮಾಪಕ

[ತೆರೆ: ಹೋಟೆಲಿನ ತಿರುಗುಬಾಗಿಲು, ಉದ್ದ ಕೋಟಿನ ದ್ವಾರಪಾಲಕ]

1924ರ ಡಿಸೆಂಬರ್, ಬರ್ಲಿನ್. 'ಡೆರ್ ಲೆಟ್ಸ್‌ಟೆ ಮಾನ್' ಅನ್ನೋ ಮೂಕಿ ಚಿತ್ರ ಬಿಡುಗಡೆ ಆಗುತ್ತೆ. ದೊಡ್ಡ ಹೋಟೆಲಿನ ವಯಸ್ಸಾದ ದ್ವಾರಪಾಲಕನನ್ನ ಶೌಚಾಲಯ ನೋಡಿಕೊಳ್ಳೋ ಕೆಲಸಕ್ಕೆ ಇಳಿಸ್ತಾರೆ, ಕಥೆ ಇಷ್ಟೇ. ವಿಶೇಷ ಏನಂದ್ರೆ, ಇದರಲ್ಲಿ ಮಾತಿನ ಕಾರ್ಡುಗಳೇ ಇಲ್ಲ, ಅಂದ್ರೆ ಮೂಕಿಯಲ್ಲಿ ದೃಶ್ಯಗಳ ನಡುವೆ ಸಂಭಾಷಣೆ ಬರೆದು ತೋರಿಸೋ ಕಾರ್ಡು. ಒಂದು ಪತ್ರ, ಒಂದು ಪತ್ರಿಕೆ ತೋರಿಸ್ತಾರೆ. ಕೊನೆಗೆ ಸುಖಾಂತ್ಯ ಅಂಟಿಸೋ ಮುಂಚೆ ನಿರೂಪಣೆಯ ಕಾರ್ಡು ಒಂದು ಬರುತ್ತೆ, ಅಷ್ಟೇ.

ಇದನ್ನ ಕಲೆ ಅಂತ ಹೊಗಳೋರೇ ಜಾಸ್ತಿ. ನಿರ್ಮಾಪಕನ ಲೆಕ್ಕದ ಪುಸ್ತಕದ ಕಡೆಯಿಂದಲೂ ನೋಡಿ: ಕಾರ್ಡು ಇಲ್ಲ ಅಂದ್ರೆ ಅನುವಾದದ ಕೆಲಸ ಹೆಚ್ಚುಕಮ್ಮಿ ಇಲ್ಲ. ಪ್ರಿಂಟ್ ಪ್ಯಾರಿಸ್ಸಿಗೆ ಹೋದರೂ ನ್ಯೂಯಾರ್ಕಿಗೆ ಹೋದರೂ ಅದೇ ಸಿನಿಮಾ. ಆ ನಿರ್ಮಾಪಕನ ಹೆಸರು ಎರಿಕ್ ಪೊಮ್ಮರ್.

[ತೆರೆ: ಜರ್ಮನಿಯ ನಕ್ಷೆ, ಹಿಲ್ಡೆಸ್‌ಹೈಮ್]

ಹುಟ್ಟಿದ್ದು 1889ರಲ್ಲಿ, ಹಿಲ್ಡೆಸ್‌ಹೈಮ್ ಊರಲ್ಲಿ, ಯಹೂದಿ ಮನೆತನದಲ್ಲಿ. 1907ಕ್ಕೆ ಫ್ರೆಂಚ್ ಕಂಪನಿ ಗೋಮೋಂನ ಬರ್ಲಿನ್ ಶಾಖೆಗೆ ಸೇರಿದರು, ಆಮೇಲೆ ಏಕ್ಲೇರ್ ಅನ್ನೋ ಇನ್ನೊಂದು ಫ್ರೆಂಚ್ ಕಂಪನಿಗೆ. ಎರಡೂ ಕಡೆ ಕೆಲಸ ಒಂದೇ, ಒಂದು ದೇಶದ ಸಿನಿಮಾನ ಇನ್ನೊಂದು ದೇಶದಲ್ಲಿ ಮಾರೋದು. ಸಿನಿಮಾ ಮಾಡೋಕೆ ಮುಂಚೆ ಮಾರೋದು ಕಲಿತ ಮನುಷ್ಯ, ಇದನ್ನ ನೆನಪಿಟ್ಟುಕೊಳ್ಳಿ.

ಮೊದಲ ಮಹಾಯುದ್ಧದಲ್ಲಿ ಫ್ರಾನ್ಸು ಶತ್ರುದೇಶ. 1915ರಲ್ಲಿ ಡೆಕ್ಲಾ ಅನ್ನೋ ಸ್ವಂತ ಕಂಪನಿ ಶುರು ಮಾಡಿದರು. ಡೆಕ್ಲಾ ಅಂದ್ರೆ 'ಡಾಯ್ಚ ಏಕ್ಲೇರ್'ನ ಮೊಟಕು, ಜರ್ಮನ್ ಏಕ್ಲೇರ್.

[ತೆರೆ: ಸೊಟ್ಟ ಗೋಡೆ, ಬಣ್ಣದಲ್ಲಿ ಬರೆದ ನೆರಳು]

1920ರ ಫೆಬ್ರವರಿಯಲ್ಲಿ ಡೆಕ್ಲಾದಿಂದ ಬಂದಿದ್ದು 'ಡಾ. ಕಾಲಿಗಾರಿ' ಅನ್ನೋ ಚಿತ್ರ. ಸೆಟ್ಟಿನ ಬೀದಿ, ಕಿಟಕಿ, ಕೊನೆಗೆ ನೆರಳು ಕೂಡ ಬಣ್ಣದಲ್ಲಿ ಬರೆದಿದ್ದು. ಪ್ರಚಾರ ಇನ್ನೂ ಜಾಣತನದ್ದು. ಬರ್ಲಿನ್ ತುಂಬ ಪೋಸ್ಟರ್ ಹಚ್ಚಿದರು: 'ನೀನು ಕಾಲಿಗಾರಿ ಆಗಲೇಬೇಕು'. ಏನಪ್ಪಾ ಇದು ಅಂತ ಜನ ತಲೆ ಕೆಡಿಸಿಕೊಂಡರು. ಇವತ್ತು ಟೀಸರ್ ಬಿಡೋರು ಮಾಡೋದೂ ಇದನ್ನೇ.

[ತೆರೆ: ನೋಟಿನ ಕಂತೆ ಹೊತ್ತ ಕೈಗಾಡಿ]

ಈಗ ಹಣದ ವಿಷಯ. ಪೊಮ್ಮರ್ ಏರಿದ್ದಕ್ಕೂ ಬಿದ್ದಿದ್ದಕ್ಕೂ ಕಾರಣ ಇಲ್ಲೇ ಇದೆ. 1914ರಲ್ಲಿ ಒಂದು ಡಾಲರಿಗೆ ಸುಮಾರು 4.2 ಜರ್ಮನ್ ಮಾರ್ಕ್. 1923ರ ನವೆಂಬರ್ ಹೊತ್ತಿಗೆ ಅದೇ ಡಾಲರಿಗೆ 4.2 ಲಕ್ಷ ಕೋಟಿ ಮಾರ್ಕ್! ಇಂಥ ಕಾಲದಲ್ಲಿ ಸಿನಿಮಾದವರಿಗೆ ವಿಚಿತ್ರ ಲಾಭ. ಬಡಗಿಗೆ, ಎಕ್ಸ್‌ಟ್ರಾ ಕಲಾವಿದರಿಗೆ ಕೂಲಿ ಕೊಡೋದು ದಿನದಿನಕ್ಕೂ ಸವೆಯೋ ಮಾರ್ಕಿನಲ್ಲಿ, ವಿದೇಶದಿಂದ ಬರೋದು ಗಟ್ಟಿ ನಾಣ್ಯದಲ್ಲಿ. ಸಣ್ಣ ದೇಶವೊಂದರ ಹಕ್ಕು ಮಾರಿದರೂ ಖರ್ಚಿನ ದೊಡ್ಡ ಪಾಲು ವಾಪಸ್ಸು. ಇದೇ ಸಮಯದಲ್ಲಿ, 1921ರಲ್ಲಿ, ಡೆಕ್ಲಾ ಕಂಪನಿ ಊಫಾ ಅನ್ನೋ ಜರ್ಮನ್ ಸಿನಿಮಾ ಕಂಪನಿ ದೈತ್ಯನ ಹೊಟ್ಟೆ ಸೇರಿತು. 1923ಕ್ಕೆ ಪೊಮ್ಮರ್ ಅಲ್ಲಿನ ನಿರ್ಮಾಣ ವಿಭಾಗದ ಮುಖ್ಯಸ್ಥ.

ಅವರ ಕೆಲಸದ ರೀತಿ ತಂಡದ್ದು. ನಿರ್ದೇಶಕ ಮುರ್ನೌ, ಬರಹಗಾರ ಕಾರ್ಲ್ ಮೇಯರ್, ಛಾಯಾಗ್ರಾಹಕ ಕಾರ್ಲ್ ಫ್ರಾಯಿಂಡ್, ಸೆಟ್ ಹಾಕೋರು, ಎಲ್ಲರೂ ಶೂಟಿಂಗಿಗೆ ಮುಂಚೆಯೇ ಕೂತು ಮಾತಾಡ್ತಿದ್ದರು. ದ್ವಾರಪಾಲಕನ ಚಿತ್ರದಲ್ಲಿ ಕ್ಯಾಮೆರಾ ಟ್ರೈಪಾಡ್ ಬಿಟ್ಟು ಹೊರಟಿದ್ದು ಹಾಗೇನೇ. ಫ್ರಾಯಿಂಡ್ ಅದನ್ನ ಎದೆಗೆ ಕಟ್ಟಿಕೊಂಡು ನಡೆದರು. ಬರೆಯೋವಾಗಲೇ ಕ್ಯಾಮೆರಾ ಓಡಾಟ ಗೊತ್ತಿರದಿದ್ದರೆ ಸೆಟ್ಟಿನಲ್ಲಿ ಅದಕ್ಕೆ ಜಾಗವೇ ಇರೋದಿಲ್ಲ.

ಎಡವಿದ್ದು ಎಲ್ಲಿ? 1923ರ ಕೊನೆಗೆ ಹೊಸ ಮಾರ್ಕ್ ಬಂತು, ಬೆಲೆ ನಿಂತಿತು. ಈಗ ಕೂಲಿನೂ ಗಟ್ಟಿ ಹಣದಲ್ಲೇ. ಆದರೆ ಊಫಾದ ಖರ್ಚಿನ ಕೈ ಹಳೇ ಕಾಲದ್ದೇ. ಫ್ರಿಟ್ಜ್ ಲಾಂಗ್ ನಿರ್ದೇಶನದ 'ಮೆಟ್ರೊಪೊಲಿಸ್' ಶೂಟಿಂಗ್ 1925ರ ಮೇ ತಿಂಗಳಲ್ಲಿ ಶುರು. ಅಂದಾಜು 15 ಲಕ್ಷ ಮಾರ್ಕ್, ಕೊನೆಗೆ ಆಗಿದ್ದು 50 ಲಕ್ಷಕ್ಕೂ ಮೇಲೆ. ಮುಗಿಯೋ ದಿನಾಂಕ ಮುಂದಕ್ಕೆ ಹೋದಷ್ಟೂ ಸ್ಟುಡಿಯೋ, ದೀಪ, ಸಾವಿರಾರು ಎಕ್ಸ್‌ಟ್ರಾಗಳ ದಿನಗೂಲಿ ಬೆಳೀತಾನೇ ಇತ್ತು. 1925ರ ಡಿಸೆಂಬರಿನಲ್ಲಿ ಊಫಾ ಹಾಲಿವುಡ್ ಕಂಪನಿಗಳಾದ ಪ್ಯಾರಾಮೌಂಟ್ ಮತ್ತು ಎಂಜಿಎಂ ಹತ್ತಿರ 40 ಲಕ್ಷ ಡಾಲರ್ ಸಾಲ ಪಡೀತು. ಬದಲಿಗೆ ತನ್ನ ಥಿಯೇಟರುಗಳಲ್ಲಿ ಅವರ ಚಿತ್ರಗಳಿಗೆ ದೊಡ್ಡ ಪಾಲು ಬಿಟ್ಟುಕೊಡಬೇಕಾಯ್ತು. ಕೆಲವೇ ವಾರಗಳಲ್ಲಿ ಪೊಮ್ಮರ್ ಹೊರಗೆ. ಶೂಟಿಂಗ್ ಇನ್ನೂ ಅರ್ಧದಾರಿಯಲ್ಲಿತ್ತು.

ತಪ್ಪು ಲಾಂಗ್ ಒಬ್ಬರದೇ ಅಂತ ಹೇಳೋದು ಸುಲಭ. ಆದರೆ ಬಜೆಟ್ಟಿಗೆ ಸಹಿ ಹಾಕೋನೇ ಬ್ರೇಕ್ ಹಾಕಬೇಕಿತ್ತು.

[ತೆರೆ: ಬಾಬೆಲ್ಸ್‌ಬರ್ಗ್‌ನ ಊಫಾ ಸ್ಟುಡಿಯೋ, ಕಿಟಕಿ ಇಲ್ಲದ ಇಟ್ಟಿಗೆ ಕಟ್ಟಡ]

ಹಾಲಿವುಡ್‌ನಲ್ಲಿ ಪೋಲಾ ನೆಗ್ರಿ ನಟಿಸಿದ ಎರಡು ಚಿತ್ರ ಮಾಡಿ, 1927ರ ಕೊನೆಗೆ ಊಫಾಕ್ಕೇ ವಾಪಸ್ಸು. ಅಷ್ಟರಲ್ಲಿ ಮಾತು ಬಂತು. ಮೂಕಿ ಎಲ್ಲ ದೇಶಕ್ಕೂ ಹೋಗ್ತಿತ್ತು, ಟಾಕಿ ಹೋಗಲ್ಲ. ಆಗ ಡಬ್ಬಿಂಗ್ ಇನ್ನೂ ಕಚ್ಚಾ. ದಾರಿ ಒಂದೇ, ಒಂದೇ ಸೆಟ್ಟಿನಲ್ಲಿ ಎರಡು ಮೂರು ಭಾಷೆಯ ಚಿತ್ರ.

ಕ್ರಮ ಹೀಗೆ: ಬೆಳಕು, ಕ್ಯಾಮೆರಾ, ನಟರು ನಿಲ್ಲೋ ಜಾಗ ಎಲ್ಲಾ ಒಮ್ಮೆ ನಿಗದಿ. ಜರ್ಮನ್ ಟೇಕ್ ಓಕೆ ಆದಮೇಲೆ ದೀಪ ಆರಿಸದೆ ಅದೇ ಜಾಗದಲ್ಲಿ ಇಂಗ್ಲಿಷ್ ಅಥವಾ ಫ್ರೆಂಚ್ ಟೇಕ್. ಉಳಿತಾಯ ಆಗೋದು ಸೆಟ್ಟು, ಉಡುಪು, ಲೈಟಿಂಗ್ ಸಮಯ. ಹೆಚ್ಚಾಗೋದು ನೆಗೆಟಿವ್, ನಟರ ಸಂಭಾವನೆ, ದಿನಗಳು. ಹಾಗಾಗಿ ಎರಡು ಭಾಷೆ ಬರೋ ನಟರಿಗೆ ಬೇಡಿಕೆ. 1931ರ 'ಡೆರ್ ಕೊಂಗ್ರೆಸ್ ಟಾನ್ಸ್ಟ್' ನೋಡಿ. ಲಿಲಿಯನ್ ಹಾರ್ವಿ ಮೂರೂ ಭಾಷೆಯಲ್ಲಿ ಅವರೇ. ನಾಯಕ ಮಾತ್ರ ಜರ್ಮನ್‌ಗೆ ವಿಲ್ಲಿ ಫ್ರಿಟ್ಶ್, ಫ್ರೆಂಚ್-ಇಂಗ್ಲಿಷ್‌ಗೆ ಆನ್ರಿ ಗಾರಾ. 1930ರ 'ಬ್ಲೂ ಏಂಜೆಲ್'ನಲ್ಲಿ ಎಮಿಲ್ ಯಾನಿಂಗ್ಸ್, ಮಾರ್ಲೀನ್ ಡೀಟ್ರಿಕ್ ಇಬ್ಬರೂ ಜರ್ಮನ್, ಇಂಗ್ಲಿಷ್ ಎರಡೂ ಭಾಷೆಯಲ್ಲಿ ಇದ್ದಾರೆ.

ಒಂದು ಚಿಕ್ಕ ಪಕ್ಕದ ಮಾತು: ಅದೇ ಕಾಲದ ಊಫಾದಲ್ಲಿ ತರಬೇತಿ ಪಡೆದವರಲ್ಲಿ ದೇವಿಕಾ ರಾಣಿಯೂ ಒಬ್ಬರು. ಬಾಂಬೆ ಟಾಕೀಸ್ ಬಿಟ್ಟ ಮೇಲೆ ಕನಕಪುರ ರಸ್ತೆಯ ತಾತಗುಣಿಯ ತೋಟದಲ್ಲಿ ನೆಲೆಸಿದ್ದು ಇವರೇ.

[ತೆರೆ: 1933]

1933ರ ಮಾರ್ಚ್ 28ರಂದು ನಾಜಿ ಪ್ರಚಾರ ಮಂತ್ರಿ ಗೊಬೆಲ್ಸ್ ಸಿನಿಮಾ ಮಂದಿಯನ್ನ ಕರೆದು ಭಾಷಣ ಮಾಡಿದ. ಮಾರನೇ ದಿನವೇ ಊಫಾ ಆಡಳಿತ ಮಂಡಳಿ ಯಹೂದಿ ಸಿಬ್ಬಂದಿಯನ್ನ ತೆಗೆಯೋ ನಿರ್ಧಾರ ಮಾಡಿತು. ಪೊಮ್ಮರ್ ಹೆಸರು ಅದರಲ್ಲಿತ್ತು. ಅತಿ ಹೆಚ್ಚು ವಿದೇಶಿ ಆದಾಯ ತಂದವನನ್ನೇ ಕಂಪನಿ ಹೊರಗೆ ಹಾಕಿತು.

ಪ್ಯಾರಿಸ್ಸಿನಲ್ಲಿ ಲಾಂಗ್ ಜೊತೆ 'ಲಿಲಿಯೋಂ', ಲಂಡನ್ನಿನಲ್ಲಿ ನಟ ಚಾರ್ಲ್ಸ್ ಲಾಟನ್ ಜೊತೆ ಮೇಫ್ಲವರ್ ಕಂಪನಿ, ಅಲ್ಲಿ ಹಿಚ್‌ಕಾಕ್ ನಿರ್ದೇಶನದ 'ಜಮೈಕಾ ಇನ್'. ಆಮೇಲೆ ಹಾಲಿವುಡ್ಡಿನ ಆರ್‌ಕೆಓ ಸ್ಟುಡಿಯೋ. 1944ರಲ್ಲಿ ಅಮೆರಿಕದ ಪೌರತ್ವ.

1946ರಲ್ಲಿ ಅವರು ಜರ್ಮನಿಗೆ ಮರಳಿದ್ದು ಅಮೆರಿಕನ್ ಸೇನಾಡಳಿತದ ಸಿನಿಮಾ ಅಧಿಕಾರಿಯಾಗಿ. ನಿರ್ಮಾಣಕ್ಕೆ ಲೈಸೆನ್ಸ್ ಯಾರಿಗೆ, ಯಾವ ಸ್ಟುಡಿಯೋ ಮೊದಲು ರಿಪೇರಿ, ಇದೆಲ್ಲ ಅವರ ಮೇಜಿನ ಮೇಲೆ. ಹಾಲಿವುಡ್ಡಿಗೆ ಬೇಕಿದ್ದದ್ದು ಜರ್ಮನಿಯ ಖಾಲಿ ಮಾರುಕಟ್ಟೆ, ಪೊಮ್ಮರ್‌ಗೆ ಬೇಕಿದ್ದದ್ದು ಅಲ್ಲಿ ಮತ್ತೆ ಸಿನಿಮಾ ಆಗೋದು. ಎರಡು ದೋಣಿ ಮೇಲೆ ಕಾಲಿಟ್ಟ ಕೆಲಸ. 1949ರವರೆಗೆ ಅದರಲ್ಲಿದ್ದರು.

ಕೊನೆಯ ಚಿತ್ರ 1955ರ 'ಕಿಂಡರ್, ಮ್ಯೂಟರ್ ಉಂಡ್ ಐನ್ ಗೆನೆರಾಲ್'. ಯುದ್ಧಕ್ಕೆ ಹೊರಟ ಶಾಲಾ ಹುಡುಗರನ್ನ ವಾಪಸ್ಸು ಕರೆತರೋಕೆ ರಣರಂಗದ ಹತ್ತಿರಕ್ಕೇ ಹೋಗೋ ತಾಯಂದಿರ ಕಥೆ. ಮರುವರ್ಷ ಕ್ಯಾಲಿಫೋರ್ನಿಯಾಗೆ ಹೋದರು, 1966ರ ಮೇ 8ರಂದು ಲಾಸ್ ಏಂಜಲೀಸ್‌ನಲ್ಲಿ ತೀರಿಕೊಂಡರು.

'ಮೆಟ್ರೊಪೊಲಿಸ್' ನೋಡೋರು 2010ರ ಆವೃತ್ತಿ ಹುಡುಕಿ. ಬಿಡುಗಡೆ ಆದಮೇಲೆ ಸುಮಾರು ಕಾಲು ಭಾಗ ಕತ್ತರಿ ಬಿದ್ದಿತ್ತು. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಸಿಕ್ಕ 16 ಎಂಎಂ ಪ್ರತಿಯಿಂದ ಬಹುಪಾಲು ಮತ್ತೆ ಸೇರಿಸಿದ್ದಾರೆ. ಗೀರು ತುಂಬಿದ ದೃಶ್ಯಗಳು ಬಂದಾಗ ಪ್ರಿಂಟ್ ಕೆಟ್ಟಿದೆ ಅಂದುಕೊಳ್ಳಬೇಡಿ, ವಾಪಸ್ಸು ಬಂದ ಭಾಗ ಅವೇ.