ಡೆಲ್ಫೀನ್ ಸೇರಿಗ್: ಪ್ರಶ್ನೆ ಕೇಳೋ ನಟಿ

ಕೇಳುಗರಿಗೆ ನಮಸ್ಕಾರ. ಇವತ್ತು ಡೆಲ್ಫೀನ್ ಸೇರಿಗ್ ಅನ್ನೋ ಫ್ರೆಂಚ್ ನಟಿ ಬಗ್ಗೆ ಮಾತಾಡ್ತೀನಿ. ಹುಟ್ಟಿದ್ದು 1932ರಲ್ಲಿ, ಬೈರೂತ್‌ನಲ್ಲಿ. 1961ರ 'ಲಾಸ್ಟ್ ಇಯರ್ ಅಟ್ ಮರಿಯನ್‌ಬಾದ್' ಸಿನಿಮಾದಲ್ಲಿ ಒಳ್ಳೊಳ್ಳೆ ಬಟ್ಟೆ ಹಾಕ್ಕೊಂಡು ದೊಡ್ಡ ಹೋಟೆಲಿನ ಹಜಾರಗಳಲ್ಲಿ ಓಡಾಡೋ ನಿಗೂಢ ಸುಂದರಿ ಪಾತ್ರ, ಆಮೇಲೆ ಜನ ಇವರನ್ನ ಅದೇ ರೂಪದಲ್ಲೇ ನೋಡೋಕೆ ಶುರು ಮಾಡಿದ್ರು. ಇನ್ನೊಬ್ರಾಗಿದ್ರೆ ಅದರಲ್ಲೇ ಆರಾಮಾಗಿ ಇದ್ದುಬಿಡ್ತಿದ್ರೇನೋ.

ಇವರು 1975ರಲ್ಲಿ ಶಾಂತಾಲ್ ಅಕರ್ಮನ್ ಅನ್ನೋ ಇಪ್ಪತ್ತೈದರ ಆಸುಪಾಸಿನ ಡೈರೆಕ್ಟರ್ ಹುಡುಗಿ ಜೊತೆ 'ಜಾನ್ ದೀಲ್ಮನ್' ಅನ್ನೋ ಸಿನಿಮಾ ಮಾಡಿದ್ರು. ಸೇರಿಗ್ ಮಾಡಿದ್ದು ಬ್ರಸೆಲ್ಸ್‌ನ ಒಬ್ಬ ವಿಧವೆಯ ಪಾತ್ರ. ಅವಳ ಮೂರು ದಿನ, ಅಷ್ಟೇ, ಆದ್ರೆ 3 ಗಂಟೆ 21 ನಿಮಿಷ! ಕ್ಯಾಮೆರಾ ಇಟ್ಟಲ್ಲೇ ಇರುತ್ತೆ, ಈಯಮ್ಮ ಆಲೂಗಡ್ಡೆ ಸಿಪ್ಪೆ ತೆಗೀತಾಳೆ, ಪಾತ್ರೆ ತೊಳೀತಾಳೆ, ಹಾಸಿಗೆ ಸರಿ ಮಾಡ್ತಾಳೆ. ಎರಡನೇ ದಿನ ಆಲೂಗಡ್ಡೆ ಜಾಸ್ತಿ ಬೆಂದುಹೋಗುತ್ತೆ, ಪಾತ್ರೆ ಕೈಲಿ ಹಿಡ್ಕೊಂಡು ಎಲ್ಲಿಡಬೇಕು ಅಂತ ಗೊತ್ತಾಗದೆ ಮನೆಯೆಲ್ಲಾ ಓಡಾಡ್ತಾಳೆ, ಅಳಲ್ಲ, ಕಿರುಚಲ್ಲ, ಆದ್ರೂ ನೋಡೋರಿಗೆ ಎದೆ ಧಸಕ್ ಅನ್ನುತ್ತೆ. ನನ್ನ ಲೆಕ್ಕದಲ್ಲಿ ನಟನೆ ಅಂದ್ರೆ ಅದು. ಸೈಟ್ ಅಂಡ್ ಸೌಂಡ್ ಅನ್ನೋ ಬ್ರಿಟಿಷ್ ಸಿನಿಮಾ ಪತ್ರಿಕೆ ಸಾರ್ವಕಾಲಿಕ ಶ್ರೇಷ್ಠ ಚಿತ್ರ ಯಾವುದು ಅಂತ 2022ರಲ್ಲಿ ನಡೆಸಿದ ವಿಮರ್ಶಕರ ಮತದಾನದಲ್ಲಿ ಇದೇ ಚಿತ್ರ ಮೊದಲ ಸ್ಥಾನಕ್ಕೆ ಬಂತು.

ಆ ಶೂಟಿಂಗನ್ನ ನಟ ಸಾಮಿ ಫ್ರೇ ವಿಡಿಯೋ ಮಾಡಿಟ್ಟಿದ್ದಾರೆ, ಸಿಕ್ಕಿದ್ರೆ ನೋಡಿ. ಸೇರಿಗ್ ಸುಮ್ನೆ ಹೇಳಿದ್ದು ಮಾಡೋರಲ್ಲ, ಇದನ್ನ ಹೀಗೇ ಯಾಕೆ ಮಾಡ್ಬೇಕು, ಆಗ ಇವಳ ತಲೇಲಿ ಏನು ಓಡ್ತಿರುತ್ತೆ ಅಂತ ಡೈರೆಕ್ಟರ್‌ನ ಕೇಳ್ತಾನೇ ಇರ್ತಾರೆ.

ಇದೇ ಕೇಳೋ ಚಾಳಿ ಮುಂದೆ ಒಂದು ಡಾಕ್ಯುಮೆಂಟರಿನೇ ಆಯ್ತು. ಆಗ ಹೊತ್ಕೊಂಡು ಓಡಾಡೋ ವಿಡಿಯೋ ಕ್ಯಾಮೆರಾ ಹೊಸದಾಗಿ ಬಂದಿತ್ತು, ದೊಡ್ಡ ಕಂಪನಿ ಬೇಡ, ನಿರ್ಮಾಪಕರ ಕೈಕಾಲು ಹಿಡಿಯೋದು ಬೇಡ. ಗೆಳತಿ ಕರೋಲ್ ರುಸೋಪುಲೋಸ್ ಕ್ಯಾಮೆರಾ ಹಿಡಿದ್ರು, ಸೇರಿಗ್ ಇಪ್ಪತ್ತಕ್ಕೂ ಹೆಚ್ಚು ನಟಿಯರನ್ನ ಕೂರಿಸ್ಕೊಂಡು ಮಾತಾಡ್ಸಿದ್ರು. ನೀವು ಗಂಡಸಾಗಿ ಹುಟ್ಟಿದ್ರೂ ಇದೇ ಕೆಲಸಕ್ಕೆ ಬರ್ತಿದ್ರಾ ಅಂತ ಕೇಳಿದ್ರೆ ಹೆಚ್ಚಿನವರು ಇಲ್ಲ ಅಂತಾರೆ. ಹಾಲಿವುಡ್‌ಗೆ ಬಂದ ಹೊಸದ್ರಲ್ಲಿ ತನ್ನ ಕೆನ್ನೆ ಒಳಗೆ ಹೋಗೋ ಹಾಗೆ ದವಡೆ ಮುರಿಸ್ಕೋಬೇಕು ಅಂತ ಅಲ್ಲಿನವರು ಅಂದಿದ್ದನ್ನ ಅಮೆರಿಕನ್ ನಟಿ ಜೇನ್ ಫೋಂಡಾ ಹೇಳ್ತಾರೆ, ಅದೂ ಎಷ್ಟು ಸಲೀಸಾಗಿ! ಚಿತ್ರದ ಹೆಸರು 'ಚೆಂದಕ್ಕಿರು, ಬಾಯ್ಮುಚ್ಚು' ಅನ್ನೋ ಅರ್ಥದ್ದು, ತೆರೆಗೆ ಬಂದಿದ್ದು 1981ರಲ್ಲಿ.

ಮರುವರ್ಷವೇ ಇವರು, ರುಸೋಪುಲೋಸ್, ಇನ್ನೊಬ್ಬ ಗೆಳತಿ ಸೇರಿ ಪ್ಯಾರಿಸ್‌ನಲ್ಲಿ ಸ್ತ್ರೀವಾದಿ ಲೇಖಕಿ ಸಿಮೋನ್ ದ ಬೊವಾ ಹೆಸರಲ್ಲಿ ಒಂದು ಸೆಂಟರ್ ಶುರು ಮಾಡಿದ್ರು, ಹೆಂಗಸರ ಬಗ್ಗೆ, ಹೆಂಗಸರ ಹೋರಾಟಗಳ ಬಗ್ಗೆ ಮಾಡಿದ ಇಂಥ ವಿಡಿಯೋಗಳನ್ನೆಲ್ಲ ಕೂಡಿಡೋಕೆ. 1990ರಲ್ಲಿ ಸೇರಿಗ್ ತೀರ್ಕೊಂಡ್ರು, ಸೆಂಟರ್ ನಡುವೆ ಮುಚ್ಚಿ ಮತ್ತೆ ತೆರೀತು, ಈಗಲೂ ನಡೀತಿದೆ.