ಹೆಸರು ಒಂದೇ, ಮಾಲೀಕರು ಬೇರೆ

ಕೇಳುಗರೆಲ್ಲರಿಗೂ ನಮಸ್ಕಾರ.

ಪ್ರೆಸ್ಟೀಜ್ ಅಂದರೆ ಏನು ಅಂತ ಬೆಂಗಳೂರಿನಲ್ಲಿ ಕೇಳಿ ನೋಡಿ. ಅಡುಗೆಮನೆಯಲ್ಲಿರುವವರು ಕುಕ್ಕರ್ ಅನ್ನುತ್ತಾರೆ. ಮನೆ ಹುಡುಕುತ್ತಿರುವವರು ಅಪಾರ್ಟ್‌ಮೆಂಟ್ ಅನ್ನುತ್ತಾರೆ. ಇಬ್ಬರು ಹೇಳುವುದೂ ಸರಿ. ಕುಕ್ಕರ್ ಮಾಡುವುದು ಟಿಟಿಕೆ ಪ್ರೆಸ್ಟೀಜ್. ಟಿ.ಟಿ. ಕೃಷ್ಣಮಾಚಾರಿ ಅವರು 1928ರಲ್ಲಿ ಮದ್ರಾಸಿನಲ್ಲಿ ಶುರು ಮಾಡಿದ ವ್ಯಾಪಾರದಿಂದ ಬೆಳೆದ ಕಂಪನಿ ಅದು. ಮುಂದೆ ದೇಶದ ಹಣಕಾಸು ಸಚಿವರಾದವರು ಅವರೇ. ಕುಕ್ಕರಿಗೆ ಪ್ರೆಸ್ಟೀಜ್ ಎಂಬ ಹೆಸರು ಇಂಗ್ಲೆಂಡಿನ ಕಂಪನಿಯೊಂದರಿಂದ ಬಂತು. ಅಪಾರ್ಟ್‌ಮೆಂಟ್ ಕಟ್ಟುವ ಪ್ರೆಸ್ಟೀಜ್ 1986ರಲ್ಲಿ ರಜಾಕ್ ಸತ್ತಾರ್ ಅವರು ಬೆಂಗಳೂರಿನಲ್ಲೇ ಆರಂಭಿಸಿದ್ದು. ಒಂದಕ್ಕೂ ಇನ್ನೊಂದಕ್ಕೂ ಸಂಬಂಧವಿಲ್ಲ. ಹೆಸರು ಮಾತ್ರ ಒಂದೇ.

ಕುಕ್ಕರ್ ಕೊಳ್ಳಲು ಹೋದವರು ಫ್ಲ್ಯಾಟ್ ಕೊಂಡು ಬರುವುದಿಲ್ಲ. ಹಾಗಾಗಿ ಇದರಿಂದ ಯಾರಿಗೂ ತೊಂದರೆ ಇಲ್ಲ. ಆದರೆ ಎಲ್ಲ ಕಡೆಯೂ ವಿಷಯ ಇಷ್ಟು ಸಲೀಸಾಗಿರುವುದಿಲ್ಲ.

ನಾರಾಯಣ ಎಂಬ ಹೆಸರನ್ನೇ ನೋಡಿ. ರಾಜಾಜಿನಗರದ ನಾರಾಯಣ ನೇತ್ರಾಲಯ ಕಣ್ಣಿನ ಆಸ್ಪತ್ರೆ. ಅದನ್ನು 1982ರಲ್ಲಿ ಆರಂಭಿಸಿದವರು ಡಾ. ಕೆ. ಭುಜಂಗ ಶೆಟ್ಟಿ. ಬೊಮ್ಮಸಂದ್ರದ ನಾರಾಯಣ ಹೃದಯಾಲಯ ಹೃದಯದ ಚಿಕಿತ್ಸೆಗೆ ಹೆಸರಾದದ್ದು. ಅದನ್ನು 2000ದಲ್ಲಿ ಆರಂಭಿಸಿದವರು ಡಾ. ದೇವಿ ಶೆಟ್ಟಿ. ಎರಡೂ ಬೇರೆ ಬೇರೆ ಸಂಸ್ಥೆಗಳು. ಎರಡೂ ಆಸ್ಪತ್ರೆ, ಎರಡೂ ಬೆಂಗಳೂರಿನವು, ಕಟ್ಟಿದವರ ಹೆಸರಿನ ಕೊನೆಯಲ್ಲಿ ಎರಡು ಕಡೆಯೂ ಶೆಟ್ಟಿ. ಸಾಲದ್ದಕ್ಕೆ, ಬೊಮ್ಮಸಂದ್ರದ ಹೃದಯಾಲಯದ ಆವರಣದಲ್ಲೇ ನೇತ್ರಾಲಯದ್ದೂ ಒಂದು ಶಾಖೆ ಇದೆ! ಇದರ ಜೊತೆಗೆ ಆಂಧ್ರದಿಂದ ಬಂದ ನಾರಾಯಣ ಶಾಲೆ, ಕಾಲೇಜುಗಳು ಬೇರೆ. ಊರಿಂದ ಬಸ್ಸಿಳಿದವರು ಆಟೋದವರಿಗೆ "ನಾರಾಯಣ ಆಸ್ಪತ್ರೆ" ಅಂತಷ್ಟೇ ಹೇಳಿದರೆ ಊರಿನ ಆ ತುದಿಗೆ ಹೋಗಬೇಕಾದವರು ಈ ತುದಿಯಲ್ಲಿ ಇಳಿಯಬಹುದು. ದುಡ್ಡು ಹೋದರೆ ಹೋಯಿತು. ಎದೆನೋವಿನವರನ್ನು ಕರೆದುಕೊಂಡು ಬಂದಿದ್ದರೆ? ಅದಕ್ಕೇ ಆಸ್ಪತ್ರೆಯ ವಿಷಯದಲ್ಲಿ ಪೂರ್ತಿ ಹೆಸರು, ಬಡಾವಣೆ ಎರಡನ್ನೂ ಚೀಟಿಯಲ್ಲಿ ಬರೆದುಕೊಂಡೇ ಹೊರಡಿ.

ಒಂದೇ ಹೆಸರನ್ನು ಇಷ್ಟು ಜನ ಇಟ್ಟುಕೊಳ್ಳಲು ಕಾನೂನು ಹೇಗೆ ಬಿಡುತ್ತದೆ? ವ್ಯಾಪಾರದ ಹೆಸರು, ಗುರುತುಗಳಿಗೆ ಟ್ರೇಡ್‌ಮಾರ್ಕ್ ಅನ್ನುತ್ತಾರೆ. ನಮ್ಮ ದೇಶದಲ್ಲಿ ಈಗ ಜಾರಿಯಲ್ಲಿರುವುದು 1999ರ ಟ್ರೇಡ್‌ಮಾರ್ಕ್ ಕಾಯ್ದೆ. ಅದರಡಿ ವ್ಯಾಪಾರವನ್ನೆಲ್ಲ 45 ವರ್ಗಗಳಾಗಿ ಹಂಚಿದ್ದಾರೆ. 34 ವರ್ಗ ಸರಕಿಗೆ, 11 ವರ್ಗ ಸೇವೆಗೆ. ಪಾತ್ರೆ ಪಗಡ 21ನೇ ವರ್ಗ. ಕಟ್ಟಡ ಕೆಲಸ 37. ಹೋಟೆಲು 43. ಆಸ್ಪತ್ರೆ 44. ನೀವು ಒಂದು ಹೆಸರನ್ನು ನೋಂದಾಯಿಸಿದರೆ ಅದು ನೀವು ಮಾರುವ ಪದಾರ್ಥದ ಮಟ್ಟಿಗೆ ನಿಮ್ಮದು. ಆ ಪದವೇ ನಿಮ್ಮ ಆಸ್ತಿ ಆಗಿಬಿಡುವುದಿಲ್ಲ. ತುಂಬಾ ಪ್ರಸಿದ್ಧವಾದ ಹೆಸರುಗಳಿಗೆ ಮಾತ್ರ ಕಾಯ್ದೆ ಇದಕ್ಕಿಂತ ಹೆಚ್ಚಿನ ರಕ್ಷಣೆ ಕೊಡುತ್ತದೆ. ಉಳಿದಂತೆ ಕೋರ್ಟು ಕೇಳುವ ಮುಖ್ಯ ಪ್ರಶ್ನೆ ಒಂದೇ: ಸಾಮಾನ್ಯ ಗಿರಾಕಿ ಮೋಸಹೋಗುತ್ತಾನಾ?

ಈ ಪ್ರಶ್ನೆ ನಮ್ಮೂರಿನ ಎರಡು ಹೆಸರುಗಳ ನಡುವೆಯೇ ಎದ್ದು ಸುಪ್ರೀಂ ಕೋರ್ಟಿನವರೆಗೂ ಹೋಯಿತು. ನಂದಿನಿ ಹಾಲು ಗೊತ್ತಿಲ್ಲದವರು ಯಾರಿದ್ದಾರೆ? ಕರ್ನಾಟಕ ಹಾಲು ಮಹಾಮಂಡಳ, ಅಂದರೆ ಕೆಎಂಎಫ್, ಆ ಹೆಸರನ್ನು ಬಳಸುತ್ತಾ ಬಂದದ್ದು 1985ರಿಂದ. 1989ರಲ್ಲಿ ಬೆಂಗಳೂರಿನಲ್ಲಿ ನಂದಿನಿ ಡಿಲಕ್ಸ್ ಎಂಬ ಆಂಧ್ರ ಊಟದ ಹೋಟೆಲ್ ಶುರುವಾಯಿತು. ಇಂಗ್ಲಿಷಿನಲ್ಲಿ ಬರೆಯುವಾಗ ಹೋಟೆಲಿನವರು ಒಂದು 'ಎಚ್' ಅಕ್ಷರ ಜಾಸ್ತಿ ಹಾಕುತ್ತಾರೆ. ಕಿವಿಗೆ ಮಾತ್ರ ಎರಡೂ ಒಂದೇ.

ಹೋಟೆಲಿನವರು ಮಾಂಸ, ಮೀನು, ಕಾಫಿ, ಟೀ, ಮಸಾಲೆ ಮುಂತಾದ ತಿನ್ನುವ ಕುಡಿಯುವ ಪದಾರ್ಥಗಳಿಗೂ ಆ ಹೆಸರನ್ನು ನೋಂದಾಯಿಸಲು ಹೊರಟರು. ಅವು ಬರುವುದು 29 ಮತ್ತು 30ನೇ ವರ್ಗದಲ್ಲಿ. ಆ ವರ್ಗಗಳಲ್ಲಿ ಕೆಎಂಎಫ್ ಮೊದಲೇ ಕೂತಿತ್ತು. ಕೆಎಂಎಫ್ ತಕರಾರು ತೆಗೆಯಿತು. 2007ರಲ್ಲಿ ಟ್ರೇಡ್‌ಮಾರ್ಕ್ ಕಚೇರಿ ಹೋಟೆಲಿನ ಕಡೆ ತೀರ್ಮಾನ ಕೊಟ್ಟಿತು. 2011ರಲ್ಲಿ ಮೇಲ್ಮನವಿ ಮಂಡಳಿ ಅದನ್ನು ತಿರುಗಿಸಿತು. 2014ರಲ್ಲಿ ನಮ್ಮ ಹೈಕೋರ್ಟೂ ಕೆಎಂಎಫ್ ಕಡೆಗೇ ನಿಂತಿತು. ಕೊನೆಗೆ 2018ರ ಜುಲೈನಲ್ಲಿ ನ್ಯಾಯಮೂರ್ತಿ ಎ.ಕೆ. ಸಿಕ್ರಿ ಮತ್ತು ನ್ಯಾಯಮೂರ್ತಿ ಅಶೋಕ್ ಭೂಷಣ್ ಅವರ ಪೀಠ ಹೋಟೆಲಿನ ಪರ ತೀರ್ಪು ಕೊಟ್ಟಿತು.

ಪೀಠ ಕೊಟ್ಟ ಕಾರಣಗಳು ಕೇಳುವಂತಿವೆ. ನಂದಿನಿ ಯಾರೋ ಹೊಸದಾಗಿ ಹುಟ್ಟಿಸಿದ ಪದವಲ್ಲ. ಪುರಾಣದಲ್ಲಿರುವ ಹೆಸರು. ಒಬ್ಬರ ಗುರುತಿನಲ್ಲಿ ಹಸು ಇದೆ, ಇನ್ನೊಬ್ಬರ ಗುರುತಿನಲ್ಲಿ ದೀಪ ಇದೆ. ಒಬ್ಬರದು ಹಾಲು, ಮೊಸರು. ಇನ್ನೊಬ್ಬರದು ಹೋಟೆಲು. ಒಂದು ವರ್ಗದಲ್ಲಿ ಯಾವುದೋ ಒಂದು ಪದಾರ್ಥ ಮಾರಿದ ಮಾತ್ರಕ್ಕೆ ಇಡೀ ವರ್ಗಕ್ಕೇ ಬೀಗ ಹಾಕಿಕೊಳ್ಳಲು ಆಗುವುದಿಲ್ಲ. ಈ ಮಾತನ್ನು ಅದೇ ಕೋರ್ಟು ಹಿಂದೆ ಚಾರ್‌ಮಿನಾರ್ ಸಿಗರೇಟಿನ ಮೊಕದ್ದಮೆಯಲ್ಲೂ ಹೇಳಿತ್ತು. ಹಾಗಂತ ಹೋಟೆಲಿನವರಿಗೆ ಎಲ್ಲವೂ ಸಿಗಲಿಲ್ಲ. ಹಾಲು ಮತ್ತು ಹಾಲಿನ ಪದಾರ್ಥಗಳನ್ನು ಪಟ್ಟಿಯಿಂದ ಕೈಬಿಡಬೇಕಾಯಿತು.

ನನ್ನ ಮಟ್ಟಿಗೆ ಈ ತೀರ್ಪು ಸರಿ. ಎಲೆ ಮೇಲೆ ಪಪ್ಪು, ಗೊಂಗುರ ಬಡಿಸುವಾಗ ಇದನ್ನು ಕೆಎಂಎಫ್ ಮಾಡಿಸಿದೆ ಅಂತ ಯಾರೂ ಅಂದುಕೊಳ್ಳುವುದಿಲ್ಲ. ಹಾಲಿಗೆ ಗಡಿ ಹಾಕಿದ್ದೂ ಅಷ್ಟೇ ಸರಿ. ಬೆಳಿಗ್ಗೆ ಬೂತಿನ ಮುಂದೆ ನಿಂತು ಪ್ಯಾಕೆಟ್ ತೆಗೆದುಕೊಳ್ಳುವವರು ಹೆಸರು ನೋಡುತ್ತಾರೆ, ಬಣ್ಣ ನೋಡುತ್ತಾರೆ, ನಡೆಯುತ್ತಾರೆ. ಅಲ್ಲಿ ಎರಡು ನಂದಿನಿ ಇದ್ದರೆ ಪೆಟ್ಟು ಬೀಳುವುದು ಹಳ್ಳಿಯಲ್ಲಿ ಹಾಲು ಕರೆದು ಡೈರಿಗೆ ಹಾಕುವವರಿಗೆ.

ದೇವರ ಹೆಸರು, ಪುರಾಣದ ಹೆಸರು ಇಡುವುದು ನಮ್ಮಲ್ಲಿ ಮೊದಲಿನಿಂದಲೂ ಇದೆ. ಮಂಜುನಾಥ, ವೆಂಕಟೇಶ್ವರ, ಅನ್ನಪೂರ್ಣೇಶ್ವರಿ ಹೆಸರಿನ ಅಂಗಡಿಯೋ ಮೆಸ್ಸೋ ಇಲ್ಲದ ಬೀದಿ ಸಿಗುವುದು ಕಷ್ಟ. ಊದುಬತ್ತಿಗೆ ರಾಮಾಯಣ ಎಂಬ ಹೆಸರು ತನಗೊಬ್ಬನಿಗೇ ಬೇಕು ಎಂದವರಿಗೆ 2015ರಲ್ಲಿ ಸುಪ್ರೀಂ ಕೋರ್ಟು ಆಗುವುದಿಲ್ಲ ಅಂದಿತು. ಅಯ್ಯಂಗಾರ್ ಬೇಕರಿ, ಉಡುಪಿ ಹೋಟೆಲ್ ಕೂಡ ಹೀಗೇ ಎಲ್ಲರ ಹೆಸರುಗಳು. ಒಂದು ಅಯ್ಯಂಗಾರ್ ಬೇಕರಿಯಲ್ಲಿ ಖಾರಾ ಬನ್ನು ಚೆನ್ನಾಗಿದೆ ಅಂತ ಇನ್ನೊಂದರಲ್ಲೂ ಹಾಗೇ ಇರಬೇಕೆಂದಿಲ್ಲ, ಅಲ್ವಾ? ಅಲ್ಲಿ ಜನ ಹೆಸರಿನ ಜೊತೆ ಬೀದಿಯನ್ನೂ ಸೇರಿಸಿ ಹೇಳುತ್ತಾರೆ. ಒಳ್ಳೆಯ ಅಭ್ಯಾಸ.

ಒಮ್ಮೊಮ್ಮೆ ಒಂದೇ ಬೇರಿನ ಹೆಸರು ಇಬ್ಬರ ಕೈ ಸೇರುತ್ತದೆ. ಮಾವಳ್ಳಿ ಟಿಫಿನ್ ರೂಮ್ಸ್ 1924ರಿಂದ ನಡೆದು ಬಂದದ್ದು. ಲಾಲ್‌ಬಾಗ್ ರಸ್ತೆಯಲ್ಲಿ ರವೆ ಇಡ್ಲಿ ತಿಂದು ಬಂದು, ಮನೆಯಲ್ಲಿ ಎಂಟಿಆರ್ ಪುಳಿಯೋಗರೆ ಪುಡಿಯ ಪ್ಯಾಕೆಟ್ ಒಡೆಯುವವರು ಎರಡೂ ಒಂದೇ ಮನೆಯದು ಅಂದುಕೊಂಡಿರುತ್ತಾರೆ. ಪ್ಯಾಕೆಟ್ ಮಾಡುವ ಎಂಟಿಆರ್ ಫುಡ್ಸ್ ಅನ್ನು ನಾರ್ವೆಯ ಓರ್ಕ್ಲಾ ಕಂಪನಿ 2007ರಲ್ಲಿ ಕೊಂಡುಕೊಂಡಿತು. ಹೋಟೆಲುಗಳು ಕುಟುಂಬದ ಕೈಯಲ್ಲೇ ಉಳಿದವು. ವೋಲ್ವೋ ಕಥೆಯೂ ಹೀಗೇ. ನಮ್ಮೂರಲ್ಲಿ ವೋಲ್ವೋ ಅಂದರೆ ಎಸಿ ಬಸ್ಸು. ಆ ಬಸ್ಸಿನ ಕಂಪನಿ ತನ್ನ ಕಾರಿನ ವಿಭಾಗವನ್ನು 1999ರಲ್ಲೇ ಫೋರ್ಡಿಗೆ ಮಾರಿತು. 2010ರಿಂದ ಅದು ಚೀನಾದ ಗೀಲಿ ಕಂಪನಿಯದು. ಹೆಸರನ್ನು ಮಾತ್ರ ಇಬ್ಬರೂ ಜಂಟಿಯಾಗಿ ಇಟ್ಟುಕೊಂಡಿದ್ದಾರೆ.

ಇವೆಲ್ಲ ತಿಳಿದುಕೊಂಡರೆ ಒಳ್ಳೆಯದು, ತಿಳಿಯದಿದ್ದರೂ ದೊಡ್ಡ ನಷ್ಟವಿಲ್ಲ. ಔಷಧಿಗೆ ಬಂದರೆ ಹಾಗಲ್ಲ. ಗುಜರಾತಿನ ಕ್ಯಾಡಿಲಾ ಕಂಪನಿ 1995ರಲ್ಲಿ ಎರಡು ಕುಟುಂಬಗಳ ನಡುವೆ ಪಾಲಾಯಿತು. ಕ್ಯಾಡಿಲಾ ಎಂಬ ಹೆಸರು ಇಬ್ಬರಿಗೂ ಸಿಕ್ಕಿತು. ಆಮೇಲೆ ಇಬ್ಬರೂ ಮಲೇರಿಯಾಕ್ಕೆ ಔಷಧಿ ತಂದರು. ಒಬ್ಬರದು ಫಾಲ್ಸಿಗೋ, ಇನ್ನೊಬ್ಬರದು ಫಾಲ್ಸಿಟ್ಯಾಬ್. ಒಳಗಿನ ಮದ್ದು ಬೇರೆ ಬೇರೆ. ಮಿದುಳಿಗೆ ಏರುವ ಮಲೇರಿಯಾಕ್ಕೆ ಕೊಡುವ ಔಷಧಿಗಳಿವು. ಈ ಜಗಳ ಬಂದಾಗ 2001ರಲ್ಲಿ ಸುಪ್ರೀಂ ಕೋರ್ಟು ಒಂದು ಗಟ್ಟಿ ಮಾತು ಹೇಳಿತು. ಬೇರೆ ಸರಕಿನಲ್ಲಿ ಹೆಸರು ಅದಲು ಬದಲಾದರೆ ಗಿರಾಕಿಗೆ ಬೇಸರ, ಔಷಧಿಯಲ್ಲಿ ಆದರೆ ಜೀವಕ್ಕೇ ಅಪಾಯ. ಆದ್ದರಿಂದ ಔಷಧಿಯ ಹೆಸರನ್ನು ಇನ್ನೂ ಕಟ್ಟುನಿಟ್ಟಾಗಿ ನೋಡಬೇಕು ಅಂದಿತು. ಹಲವು ಭಾಷೆಗಳ ದೇಶ, ಎಲ್ಲರಿಗೂ ಓದು ಬರಹ ಇಲ್ಲ ಎಂಬುದನ್ನೂ ಲೆಕ್ಕಕ್ಕೆ ತೆಗೆದುಕೊಂಡಿತು.

2019ರಲ್ಲಿ ನಿಯಮ ಬದಲಾಯಿತು. ಹೊಸ ಔಷಧಿಗೆ ಹೆಸರು ಇಡುವ ಕಂಪನಿ, ಇದನ್ನು ಹೋಲುವ ಹೆಸರು ಮಾರುಕಟ್ಟೆಯಲ್ಲಿ ಇಲ್ಲ ಎಂದು ಮುಚ್ಚಳಿಕೆ ಬರೆದುಕೊಡಬೇಕು. ನನಗೆ ಇದು ಸಾಲದು ಅನ್ನಿಸುತ್ತದೆ. ಹೆಸರಿಡುವವರ ಮಾತನ್ನೇ ನಂಬಿ ಕೂರುವ ವಿಷಯವಲ್ಲ ಇದು. ಲೈಸೆನ್ಸ್ ಕೊಡುವ ಇಲಾಖೆಯೇ ಪ್ರತಿ ಹೆಸರನ್ನೂ ಗಟ್ಟಿಯಾಗಿ ಓದಿ, ಇರುವ ಹೆಸರುಗಳ ಜೊತೆ ಇಟ್ಟು ನೋಡಬೇಕು. ಅಲ್ಲಿಯವರೆಗೆ ನಾವು ಮಾಡಬಹುದಾದದ್ದು ಇಷ್ಟು. ಮಾತ್ರೆ ಪಟ್ಟಿಯ ಮೇಲೆ ದೊಡ್ಡ ಹೆಸರಿನ ಜೊತೆ ಒಳಗಿನ ಮದ್ದಿನ ಹೆಸರು ಇರುತ್ತದೆ. ಮೊದಲು ತಂದ ಪಟ್ಟಿಯನ್ನು ಬಿಸಾಡದೆ ಅಂಗಡಿಗೆ ತೆಗೆದುಕೊಂಡು ಹೋಗಿ. ಆ ಹೆಸರೂ, ಮಿಲಿಗ್ರಾಮೂ ಎರಡೂ ಒಂದೇನಾ ಅಂತ ಕೇಳಿ.

ಬೇರೆ ಸಾಮಾನಿಗೂ ಹೆಸರಿನ ಹಿಂದೆ ಯಾರಿದ್ದಾರೆ ಅಂತ ತಿಳಿಯುವ ದಾರಿ ಇದೆ. ತಿಂಡಿ ಪ್ಯಾಕೆಟ್ಟಿನ ಹಿಂದೆ ತಯಾರಕರ ವಿಳಾಸ, 14 ಅಂಕಿಗಳ ಆಹಾರ ಲೈಸೆನ್ಸ್ ನಂಬರ್ ಇರುತ್ತದೆ. ಫ್ಲ್ಯಾಟ್ ಜಾಹೀರಾತಿನಲ್ಲಿ ರೇರಾ, ಅಂದರೆ ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರದ, ನೋಂದಣಿ ನಂಬರ್ ಇರಬೇಕು. ಮುಂಗಡ ಕೊಡುವ ಮೊದಲು ಆ ನಂಬರ್ ಯಾವ ಕಂಪನಿಯ ಹೆಸರಿನಲ್ಲಿದೆ ಅಂತ ರೇರಾ ಜಾಲತಾಣದಲ್ಲಿ ನೋಡಿ. ಬೋರ್ಡಿನ ಮೇಲಿನ ಹೆಸರು ಒಂದು, ಕರಾರು ಪತ್ರದಲ್ಲಿ ಸಹಿ ಹಾಕುವ ಕಂಪನಿ ಇನ್ನೊಂದು ಆಗಿದ್ದರೆ ಕಾರಣ ಕೇಳದೆ ಹಣ ಕೊಡಬೇಡಿ.

ಹೊಸದಾಗಿ ಅಂಗಡಿಯೋ ಹೋಟೆಲೋ ತೆರೆಯಲು ಹೊರಟವರಿಗೂ ಒಂದು ಮಾತು. ಪಾಲಿಕೆಯ ಟ್ರೇಡ್ ಲೈಸೆನ್ಸ್ ಸಿಕ್ಕಿದೆ, ಜಿಎಸ್‌ಟಿ ಆಗಿದೆ, ಕಂಪನಿಯನ್ನೂ ನೋಂದಾಯಿಸಿದ್ದೇವೆ, ಇನ್ನು ಹೆಸರು ನಮ್ಮದೇ ಅಂತ ಬಹಳ ಜನ ಅಂದುಕೊಳ್ಳುತ್ತಾರೆ. ಇವು ಯಾವುವೂ ಟ್ರೇಡ್‌ಮಾರ್ಕಿನ ಹಕ್ಕು ಕೊಡುವುದಿಲ್ಲ. ಬೋರ್ಡು ಬರೆಸುವ ಮೊದಲೇ ಟ್ರೇಡ್‌ಮಾರ್ಕ್ ಜಾಲತಾಣದಲ್ಲಿ ಆ ಹೆಸರು ನಿಮ್ಮ ವರ್ಗದಲ್ಲಿ ಇದೆಯಾ ಅಂತ ಹುಡುಕಿ. ಅದಕ್ಕೆ ಕಾಸು ಕೊಡಬೇಕಿಲ್ಲ. ಕರ್ನಾಟಕದ ಅರ್ಜಿಗಳು ಹೋಗುವುದು ಚೆನ್ನೈ ಕಚೇರಿಗೆ, ಆದರೆ ಎಲ್ಲವನ್ನೂ ಕೂತಲ್ಲಿಂದಲೇ ಆನ್‌ಲೈನಿನಲ್ಲಿ ಸಲ್ಲಿಸಬಹುದು. ಅರ್ಜಿ ಒಪ್ಪಿಗೆಯಾದರೆ ಅದನ್ನು ಟ್ರೇಡ್‌ಮಾರ್ಕ್ ಜರ್ನಲ್ಲಿನಲ್ಲಿ ಪ್ರಕಟಿಸುತ್ತಾರೆ. ತಕರಾರು ಇದ್ದವರಿಗೆ ಅಲ್ಲಿಂದ 4 ತಿಂಗಳು ಅವಕಾಶ. ನೋಂದಣಿ ಆದ ಮೇಲೆ 10 ವರ್ಷ ಬಾಳುತ್ತದೆ, ಮತ್ತೆ ಮತ್ತೆ ನವೀಕರಿಸಬಹುದು. ನಿಮ್ಮ ಹೆಸರು ಆಗಲೇ ನೋಂದಣಿ ಆಗಿದ್ದರೂ ಆ ಜರ್ನಲ್ ಮೇಲೆ ಆಗಾಗ ಕಣ್ಣು ಹಾಯಿಸುತ್ತಿರಿ. ನಿಮ್ಮದನ್ನೇ ಹೋಲುವ ಹೆಸರಿಗೆ ಬೇರೆಯವರು ಅರ್ಜಿ ಹಾಕಿದ್ದರೆ ನಿಮಗೆ ಗೊತ್ತಾಗುವುದು ಅಲ್ಲೇ, ಕೇಳುವುದಕ್ಕೆ ಸಿಗುವುದು ಅದೇ 4 ತಿಂಗಳು.

ನಮಸ್ಕಾರ.